ಹರಿಗೋಲು ಪೆಟ್ಟಿಗೆಯಾದ ಬಗೆ: ಬ್ಯಾಬಿಲೋನಿನ ಪ್ರಳಯದ ಕಥೆ ಎಲ್ಲೆಲ್ಲಿಗೆ ಹೋಯಿತು?

ಓಲೆಗರಿ

ನಿವೃತ್ತನಾದ ಮೇಲೆ ಓದಬೇಕೆಂದು ಎತ್ತಿಟ್ಟಿದ್ದ ಗಿಲ್ಗಮೇಶ್ ಕಾವ್ಯವನ್ನು ಈ ಮಳೆಗಾಲದಲ್ಲಿ ಕೈಗೆತ್ತಿಕೊಂಡೆ. ಇಂದಿನ ಇರಾಕಿನಲ್ಲಿದ್ದ ಬ್ಯಾಬಿಲೋನಿನವರು ಜೇಡಿಮಣ್ಣಿನ ಫಲಕಗಳ ಮೇಲೆ ಬರೆದಿಟ್ಟ, ಗಿಲ್ಗಮೇಶ್ ಎಂಬ ರಾಜನ ಕಥೆ ಅದು. ಹನ್ನೊಂದನೆಯ ಫಲಕಕ್ಕೆ ಬಂದವನು ಅಲ್ಲೇ ನಿಂತುಬಿಟ್ಟಿದ್ದೇನೆ. ಯಾರೊಡನಾದರೂ ಮಾತನಾಡಲೇಬೇಕು ಅನ್ನಿಸಿ ಇಲ್ಲಿ ಬರೆಯುತ್ತಿದ್ದೇನೆ.

ಸನ್ನಿವೇಶ ಇದು. ಪ್ರಳಯ ತಂದು ಮನುಷ್ಯಕುಲವನ್ನು ಅಳಿಸಬೇಕೆಂದು ದೇವತೆಗಳು ನಿರ್ಧರಿಸಿದ್ದಾರೆ. ಗುಟ್ಟನ್ನು ಯಾರಿಗೂ ಹೇಳಕೂಡದೆಂದು ಎಲ್ಲರೂ ಆಣೆ ಇಟ್ಟಿದ್ದಾರೆ. ಜಲದ ಮತ್ತು ಜಾಣ್ಮೆಯ ದೇವತೆ ಏಆ ಕೂಡ ಆಣೆ ಇಟ್ಟವನೇ. ಆದರೆ ಶುರುಪ್ಪಕ್ ಊರಿನ ತನ್ನ ಭಕ್ತ ಉತ್ನಪಿಶ್ಟಿಮ್ ಸಾಯುವುದನ್ನು ನೋಡಲು ಅವನಿಗೆ ಮನಸ್ಸಿಲ್ಲ. ಹಾಗಾಗಿ ಅವನು ಭಕ್ತನೊಡನೆ ಮಾತನಾಡದೆ ಭಕ್ತನ ಮನೆಯ ಜೊಂಡಿನ ಗೋಡೆಯೊಡನೆ ಮಾತನಾಡುತ್ತಾನೆ! ಕಾವ್ಯದ ಮೂಲವಾದ ಅಕ್ಕಾಡಿಯನ್ ಭಾಷೆಯಲ್ಲಿ ಆ ಸಾಲು ಮಂತ್ರದ ಹಾಗೆ ಕೇಳಿಸುತ್ತದೆ: ‘ಕಿಕ್ಕಿಶ್ ಕಿಕ್ಕಿಶ್, ಇಗಾರ್ ಇಗಾರ್’. ಜೊಂಡಿನ ತಡಿಕೆಯೇ, ತಡಿಕೆಯೇ, ಗೋಡೆಯೇ, ಗೋಡೆಯೇ, ಕೇಳು. ಮನೆಯನ್ನು ಕೆಡವು, ದೋಣಿ ಕಟ್ಟು. ಗೋಡೆಗೂ ಕಿವಿಯುಂಟು ಎಂದು ನಾವು ಎಚ್ಚರಿಕೆಗೆ ಹೇಳುತ್ತೇವೆ. ಇಲ್ಲಿ ಗೋಡೆಗೆ ಕಿವಿಯಿದ್ದುದರಿಂದಲೇ ಮನುಷ್ಯ ಉಳಿದ.

ಆಮೇಲಿನದು ನಿಮಗೆಲ್ಲ ಗೊತ್ತಿರುವ ಕಥೆಯಂತೆಯೇ ಸಾಗುತ್ತದೆ. ದೋಣಿಗೆ ರಾಳ ಬಳಿಯುವುದು, ಜೀವರಾಶಿಯನ್ನು ಹತ್ತಿಸುವುದು, ಆರು ಹಗಲು ಏಳು ರಾತ್ರಿಯ ಬಿರುಗಾಳಿ, ನಿಮುಶ್ ಬೆಟ್ಟಕ್ಕೆ ದೋಣಿ ತಾಗುವುದು. ಪಾರಿವಾಳ ಬಿಟ್ಟರೆ ಮರಳಿ ಬರುತ್ತದೆ, ಕವಲುತೋಕೆ ಹಕ್ಕಿ ಬಿಟ್ಟರೆ ಅದೂ ಬರುತ್ತದೆ, ಕಾಗೆ ಬಿಟ್ಟರೆ ಅದು ಬರುವುದಿಲ್ಲ. ನೆಲ ಸಿಕ್ಕಿತು ಎಂದು ತಿಳಿಯುವುದು ಹಾಗೆ.

ಬೈಬಲಿನ ನೋಹನ ಕಥೆ, ನಮ್ಮ ಮನುವಿನ ಕಥೆ, ಈ ಬ್ಯಾಬಿಲೋನಿನ ಕಥೆ, ಮೂರೂ ಪ್ರಳಯದವೇ. ಯಾರಿಂದ ಯಾರು ಕದ್ದರು ಎಂಬ ಜಗಳ ನನಗೆ ಬೇಡ. ಕಥೆ ಕೈಯಿಂದ ಕೈಗೆ ಹೋಗುವಾಗ ಯಾವುದು ಬದಲಾಯಿತು, ಯಾವುದು ಹಟ ಹಿಡಿದು ಉಳಿಯಿತು ಎಂಬುದನ್ನು ತಿಳಿಯುವ ಆಸೆ. ಬಲ್ಲವರು ಸೇರಿಸಿ.

ಕಡಲೂರ ಓದುಗಿ

ಓಲೆಗರಿ ಅವರೇ, ನಾನು ಮಂಗಳೂರಿನವಳು, ಮನೆಯಲ್ಲಿ ಸಂಜೆ ಬೈಬಲ್ ಓದುತ್ತಾ ಬೆಳೆದವಳು. ಈ ಫಲಕದ ವಿಷಯ ಮೊದಲು ಕೇಳಿದಾಗ ನನಗೆ ಆದದ್ದು ಸಂತೋಷವಲ್ಲ, ಕಸಿವಿಸಿ. 1872ರಲ್ಲಿ ಲಂಡನ್ನಿನಲ್ಲಿಯೂ ಹಾಗೆಯೇ ಆಗಿದ್ದಿರಬೇಕು. ಬ್ರಿಟಿಷ್ ಮ್ಯೂಸಿಯಂನಲ್ಲಿ ಕೆಲಸಕ್ಕಿದ್ದ ಜಾರ್ಜ್ ಸ್ಮಿತ್, ನಿನೆವೆ ನಗರದಲ್ಲಿದ್ದ ಅಸ್ಸೀರಿಯಾದ ರಾಜ ಅಶ್ಶೂರ್‌ಬನಿಪಾಲನ ಗ್ರಂಥಭಂಡಾರದಿಂದ ಬಂದ ಒಡಕು ಫಲಕಗಳನ್ನು ಜೋಡಿಸುತ್ತಿದ್ದಾಗ, ದೋಣಿ ಬೆಟ್ಟಕ್ಕೆ ತಾಗಿದ್ದೂ ಹಕ್ಕಿ ಬಿಟ್ಟದ್ದೂ ಕಣ್ಣಿಗೆ ಬಿದ್ದವು. ಆತ ಕಾಲೇಜು ಕಂಡವನಲ್ಲ, ನೋಟು ಅಚ್ಚು ಹಾಕುವ ಫಲಕಗಳನ್ನು ಕೆತ್ತುವ ಕಸುಬಿನಿಂದ ಬಂದವನು. ಆ ಡಿಸೆಂಬರ್ 3ರಂದು ಆತ ಓದಿದ ಪ್ರಬಂಧವನ್ನು ಕೇಳಲು ಪ್ರಧಾನಿ ಗ್ಲ್ಯಾಡ್‌ಸ್ಟನ್ನರೇ ಬಂದು ಕೂತಿದ್ದರು.

ಕಸಿವಿಸಿ ಕಳೆದದ್ದು ಎರಡನ್ನೂ ಪಕ್ಕಪಕ್ಕ ಇಟ್ಟು ಓದಿದ ಮೇಲೆ. ಒಂದೇ ಒಂದು ಜಾಗ ಹೇಳುತ್ತೇನೆ. ನೀರಿಳಿದ ಮೇಲೆ ಉತ್ನಪಿಶ್ಟಿಮ್ ಬಲಿ ಅರ್ಪಿಸುತ್ತಾನೆ. ಮನುಷ್ಯರಿಲ್ಲದೆ ಅಷ್ಟು ದಿನ ನೈವೇದ್ಯ ಕಾಣದ ದೇವತೆಗಳು ಪರಿಮಳ ಮೂಸಿ, ನೊಣಗಳ ಹಾಗೆ ಬಲಿಯ ಸುತ್ತ ಮುತ್ತುತ್ತಾರೆ. ಬೈಬಲಿನ ಮೊದಲ ಪುಸ್ತಕ ಆದಿಕಾಂಡದ ಎಂಟನೆಯ ಅಧ್ಯಾಯದಲ್ಲಿ ನೋಹನ ಬಲಿಯ ಸುವಾಸನೆಯೂ ದೇವರಿಗೆ ಮುಟ್ಟುತ್ತದೆ. ಆ ಸುವಾಸನೆ ಹಾಗೆಯೇ ಉಳಿದಿದೆ. ಹಸಿವು ಹೋಗಿದೆ, ನೊಣಗಳು ಹೋಗಿವೆ. ಬರೆದವರು ಹಳೆಯ ಕಥೆಯನ್ನು ಬಲ್ಲವರಾಗಿದ್ದರು, ಮತ್ತು ಎಲ್ಲಿ ಕೈ ಹಾಕಬೇಕೆಂಬುದನ್ನೂ ಬಲ್ಲವರಾಗಿದ್ದರು.

ಕ್ರಿ.ಪೂ. 586ರಲ್ಲಿ ಬ್ಯಾಬಿಲೋನಿನ ರಾಜ ನೆಬೂಕದ್ನೆಚ್ಚರನು ಜೆರುಸಲೇಮನ್ನು ಸುಟ್ಟು ಯೆಹೂದಿ ಜನರನ್ನು ಸೆರೆಯೊಯ್ದ ಮೇಲೆ ಅವರು ಆ ನಾಡಿನಲ್ಲೇ ಬದುಕಿದರು. ‘ಬಾಬೆಲ್ ನದಿಗಳ ಬಳಿ’ ಕೂತು ಅತ್ತ ಕೀರ್ತನೆ 137 ಅಲ್ಲಿಯದು. ಇಂದಿಗೂ ಯೆಹೂದಿ ಪಂಚಾಂಗದ ನೀಸಾನ್, ಏಲೂಲ್, ತಮ್ಮೂಜ್ ಎಲ್ಲವೂ ಬ್ಯಾಬಿಲೋನಿನ ತಿಂಗಳುಗಳ ಹೆಸರುಗಳೇ. ತಮ್ಮೂಜ್ ಅಂದರೆ ಸತ್ತು ಪಾತಾಳಕ್ಕಿಳಿದ ದೇವತೆ ದುಮುಜಿ. ಅವನಿಗಾಗಿ ಹೆಂಗಸರು ದೇವಾಲಯದ ಬಾಗಿಲಲ್ಲೇ ಅಳುತ್ತಿದ್ದರೆಂದು ಯೆಹೆಜ್ಕೇಲನು ಸಿಟ್ಟಿನಿಂದ ಬರೆಯುತ್ತಾನೆ. ಪ್ರವಾದಿ ಬೈದ ದೇವತೆಯ ಹೆಸರು ತಿಂಗಳಿನ ಹೆಸರಾಗಿ ಉಳಿದುಕೊಂಡಿದೆ.

ತುಂಗಭದ್ರೆಯ ದಡ

ನಾನು ಆನೆಗೊಂದಿ ಕಡೆಯವನು. ಪಾಂಡಿತ್ಯವಿಲ್ಲ, ಆದರೆ ದೋಣಿಯ ಬಗ್ಗೆ ಒಂದು ಮಾತು ಹೇಳಲೇಬೇಕು. ಪ್ರಳಯದ ದೋಣಿ ದುಂಡಗಿತ್ತು ಎಂದು ಹೇಳುವ ಜೇಡಿಮಣ್ಣಿನ ಫಲಕವೊಂದನ್ನು ಬ್ರಿಟಿಷ್ ಮ್ಯೂಸಿಯಂನ ವಿದ್ವಾಂಸ ಅರ್ವಿಂಗ್ ಫಿಂಕೆಲ್ 2014ರಲ್ಲಿ ಪ್ರಕಟಿಸಿದರು. ನೆಲದ ಮೇಲೆ ವೃತ್ತ ಬರೆದುಕೋ, ಹಗ್ಗ ಸುತ್ತು, ಒಳಗೂ ಹೊರಗೂ ರಾಳ ಬಳಿ ಎಂದು ದೇವತೆ ಅಳತೆ ಸಮೇತ ಹೇಳಿಕೊಡುತ್ತಾನೆ. ಇರಾಕಿನ ನದಿಗಳಲ್ಲಿ ಮೊನ್ನೆ ಮೊನ್ನೆಯವರೆಗೂ ಓಡುತ್ತಿದ್ದ ಆ ದುಂಡು ದೋಣಿಗೆ ಕುಫ್ಫಾ ಎಂದು ಹೆಸರು. ಚಿತ್ರ ನೋಡಿದ ಕೂಡಲೇ ಗುರುತು ಹಿಡಿದೆ. ಅದು ನಮ್ಮ ಹರಿಗೋಲು!

ಇಲ್ಲಿ ಬಿದಿರು ಸೀಳಿ ಬುಟ್ಟಿಯ ಹಾಗೆ ಹೆಣೆಯುತ್ತಾರೆ. ಹಿಂದೆ ಹೊರಗಡೆ ಚರ್ಮ ಹೊದಿಸುತ್ತಿದ್ದರು, ಈಗ ಪ್ಲಾಸ್ಟಿಕ್ ಹಾಳೆ ಹೊದಿಸಿ ಡಾಂಬರು ಬಳಿಯುತ್ತಾರೆ. ವಿಜಯನಗರಕ್ಕೆ ಬಂದಿದ್ದ ಪೋರ್ಚುಗೀಸ್ ಪ್ರವಾಸಿ ಪಾಯೆಸ್, ಬುಟ್ಟಿಯಂತೆ ದುಂಡಗಿರುವ, ಹದಿನೈದು ಇಪ್ಪತ್ತು ಜನ ಹಿಡಿಸುವ, ನೆಟ್ಟಗೆ ಹೋಗಲಾರದೆ ಗಿರಗಿರನೆ ತಿರುಗುತ್ತಾ ಸಾಗುವ ದೋಣಿಗಳೆಂದು ಇದನ್ನೇ ಬರೆದಿದ್ದಾನೆ. ಅವನಿಗಿಂತ ಸುಮಾರು ಎರಡು ಸಾವಿರ ವರ್ಷ ಮೊದಲು ಗ್ರೀಕ್ ಇತಿಹಾಸಕಾರ ಹೆರೊಡೋಟಸ್ ಬ್ಯಾಬಿಲೋನಿನ ದುಂಡು ದೋಣಿಗಳನ್ನು ಕುರಿತು ಬರೆದದ್ದೂ ಇದಕ್ಕೆ ಹೊಂದುತ್ತದೆ. ಅಲ್ಲಿ ಒಂದು ಸೊಗಸಾದ ಸಂಗತಿ ಇದೆ. ವ್ಯಾಪಾರಿಗಳು ದೋಣಿಯಲ್ಲಿ ಕತ್ತೆಯನ್ನೂ ಹತ್ತಿಸಿಕೊಂಡು ಹೊಳೆಯಿಳಿದು ಬರುತ್ತಿದ್ದರು. ಬ್ಯಾಬಿಲೋನಿನಲ್ಲಿ ಸರಕಿನ ಜೊತೆ ದೋಣಿಯ ಹಂದರವನ್ನೂ ಮಾರಿ, ಚರ್ಮವನ್ನು ಕತ್ತೆಯ ಮೇಲೆ ಹೇರಿಕೊಂಡು ದಾರಿ ಹಿಡಿದು ಹಿಂದಕ್ಕೆ ನಡೆಯುತ್ತಿದ್ದರು. ಹರಿವಿಗೆ ಎದುರಾಗಿ ಹರಿಗೋಲು ಏರುವುದಿಲ್ಲ. ಇದು ನಮ್ಮೂರಿನ ಮಕ್ಕಳಿಗೂ ಗೊತ್ತು.

ಓಲೆಗರಿ

ತುಂಗಭದ್ರೆಯ ದಡ ಅವರೇ, ನೀವು ಆ ಫಲಕದ ಮಾತು ತೆಗೆದದ್ದು ಒಳ್ಳೆಯದಾಯಿತು. ಎರಡು ರಾತ್ರಿ ಅದರ ಲೆಕ್ಕ ಹಾಕುತ್ತಾ ಕಳೆದೆ.

ಆ ಫಲಕದಲ್ಲಿ ದುಂಡು ದೋಣಿಯ ತಳದ ವಿಸ್ತೀರ್ಣ ಒಂದು ‘ಇಕು’. ಅದು ಅವರ ಹೊಲದ ಅಳತೆ, ಸುಮಾರು 3,600 ಚದರ ಮೀಟರ್, ಅಂದರೆ ಒಂದು ಎಕರೆಗೆ ಸ್ವಲ್ಪ ಕಡಿಮೆ. ದೋಣಿಯ ಅಡ್ಡಳತೆ ಸುಮಾರು 70 ಮೀಟರ್ ಆಗುತ್ತದೆ. ಈಗ ಗಿಲ್ಗಮೇಶ್ ಕಾವ್ಯಕ್ಕೆ ಬನ್ನಿ. ಫಲಕಕ್ಕಿಂತ ಎಷ್ಟೋ ಶತಮಾನ ಈಚಿನ ಪಾಠ. ಅಲ್ಲಿ ದೋಣಿ ದುಂಡಗಿಲ್ಲ, ಚೌಕ. ಪ್ರತಿ ಬದಿಯೂ 120 ಮೊಳ, ಎತ್ತರವೂ ಅಷ್ಟೇ. 120ನ್ನು 120ರಿಂದ ಗುಣಿಸಿದರೆ 14,400 ಚದರ ಮೊಳ. ಅದೂ ಸರಿಯಾಗಿ ಒಂದು ಇಕು! ಹರಿಗೋಲು ಹೋಗಿ ಡಬ್ಬ ಬಂದಿದೆ, ಆದರೆ ಹೊಲದಷ್ಟು ಅಗಲ ಎಂಬ ಮಾತು ಕದಲಿಲ್ಲ.

ಇನ್ನು ಆದಿಕಾಂಡ. 300 ಮೊಳ ಉದ್ದ, 50 ಮೊಳ ಅಗಲ. ಗುಣಿಸಿ ನೋಡಿ, 15,000. ದುಂಡಗಿದ್ದದ್ದು ಚೌಕವಾಗಿ, ಚೌಕ ಉದ್ದನೆಯ ಪೆಟ್ಟಿಗೆಯಾಗಿ, ಒಂದು ಭಾಷೆ ಹೋಗಿ ಇನ್ನೊಂದು ಬಂದು, ಹಲವು ದೇವತೆಗಳು ಹೋಗಿ ಒಬ್ಬನೇ ದೇವರಾದ ಮೇಲೂ ತಳದ ಅಳತೆ ಹೆಚ್ಚು ಕಡಿಮೆ ಅದೇ. ಈ ಹೋಲಿಕೆಯನ್ನು ಫಿಂಕೆಲ್ ಅವರೇ ಎತ್ತಿ ತೋರಿಸಿದ್ದಾರೆ, ಹೆಗ್ಗಳಿಕೆ ನನ್ನದಲ್ಲ. ಆದರೆ ಕಾಗದದ ಮೇಲೆ ನಾನೇ ಗುಣಿಸಿ ನೋಡಿದಾಗ ಮೈ ಜುಮ್ಮೆಂದಿತು. ಹಸ್ತಪ್ರತಿಗಳ ಪಾಠಾಂತರ ನೋಡಿದವರಿಗೆ ಇದು ಅರ್ಥವಾಗುತ್ತದೆ. ಪ್ರತಿ ಮಾಡುವವನು ತನಗೆ ತಿಳಿಯದ ಪದವನ್ನು ತಿದ್ದುತ್ತಾನೆ, ಅಂಕಿಯನ್ನು ತಿದ್ದಲು ಹೆದರುತ್ತಾನೆ.

ಆ ಫಲಕದ ಲೆಕ್ಕ ಹಿಡಿದು ಚಿಕ್ಕ ಅಳತೆಯ ದೋಣಿಯೊಂದನ್ನು ಕಟ್ಟಿ ತೇಲಿಸಿಯೂ ನೋಡಿದರು. ಕಟ್ಟಿದ್ದು ಎಲ್ಲಿ ಗೊತ್ತೇ? ಕೇರಳದ ಹಿನ್ನೀರಿನಲ್ಲಿ.

ಇನ್ನೊಂದು ಸಂಗತಿ. ನೋಹನ ನಾವೆಗೆ ಹೀಬ್ರೂವಿನಲ್ಲಿ ‘ತೇವಾ’ ಎನ್ನುತ್ತಾರೆ. ಪೆಟ್ಟಿಗೆ ಎಂದರ್ಥ. ಬೈಬಲಿನಲ್ಲಿ ಅದೇ ಪದ ಬರುವುದು ಇನ್ನೊಂದೇ ಕಡೆ: ಮಗು ಮೋಶೆಯನ್ನು ನೈಲ್ ನದಿಗೆ ಬಿಟ್ಟ ರಾಳ ಬಳಿದ ಜೊಂಡಿನ ಬುಟ್ಟಿಗೆ. ಆ ನಾಡಿನ ಹಳೆಯ ರಾಜ, ಅಕ್ಕಾಡಿನ ಸಾರ್ಗೋನನನ್ನೂ ತಾಯಿ ಹಾಗೆಯೇ ಜೊಂಡಿನ ಬುಟ್ಟಿಯಲ್ಲಿಟ್ಟು, ರಾಳ ಬಳಿದು, ಹೊಳೆಗೆ ಬಿಟ್ಟಳು. ನೀರೆತ್ತುವ ಅಕ್ಕಿ ಎಂಬುವನು ಎತ್ತಿ ಸಾಕಿದ. ನಮ್ಮ ಕರ್ಣನ ಪೆಟ್ಟಿಗೆಗೆ ಕುಂತಿ ಬಳಿಸಿದ್ದು ಮೇಣ. ಯಾರದು ಮೊದಲೆಂದು ಇಲ್ಲಿ ತೀರ್ಪು ಕೊಡುವ ಧೈರ್ಯ ನನಗಿಲ್ಲ, ಸಾರ್ಗೋನನ ಕಥೆಯ ಪ್ರತಿಗಳೇ ಅವನಿಗಿಂತ ಸಾವಿರ ವರ್ಷಕ್ಕೂ ಹೆಚ್ಚು ಈಚಿನವು. ಅವನೂ ಮೋಶೆಯೂ ನಾಯಕರಾಗಿ ಮೆರೆದರು. ಕರ್ಣನೊಬ್ಬನೇ ತನ್ನ ಕುಲ ತಿಳಿದ ಮೇಲೂ ಸಾಕಿದವರನ್ನು ಬಿಡದೆ ಸೋತವನು. ಕನ್ನಡ ಕಾವ್ಯ ಅವನನ್ನು ಅಷ್ಟು ಹಚ್ಚಿಕೊಂಡದ್ದು ಅದಕ್ಕೇ ಇರಬೇಕು.

ಬ್ರಾಹ್ಮಣಪಾಠ

ನಮ್ಮ ಮೂಲವನ್ನೂ ನೋಡೋಣ. ಪುರಾಣಗಳಿಗಿಂತ ಹಳೆಯದು, ವೇದದ ಯಜ್ಞಗಳನ್ನು ವಿವರಿಸುವ ಗ್ರಂಥವಾದ ಶತಪಥ ಬ್ರಾಹ್ಮಣದ ಮತ್ಸ್ಯ. ಮುಂಜಾನೆ ಕೈತೊಳೆಯಲು ತಂದ ನೀರಿನಲ್ಲಿ ಮನುವಿನ ಕೈಗೆ ಒಂದು ಮೀನು ಬರುತ್ತದೆ. ‘ನನ್ನನ್ನು ಸಾಕು, ನಿನ್ನನ್ನು ದಾಟಿಸುತ್ತೇನೆ’ ಅನ್ನುತ್ತದೆ. ಮಡಕೆಯಿಂದ ಗುಂಡಿಗೆ, ಗುಂಡಿಯಿಂದ ಸಮುದ್ರಕ್ಕೆ. ಪ್ರವಾಹ ಬಂದಾಗ ಹಡಗಿನ ಹಗ್ಗವನ್ನು ಅದರ ಕೊಂಬಿಗೆ ಕಟ್ಟುತ್ತಾನೆ, ಅದು ಉತ್ತರದ ಬೆಟ್ಟಕ್ಕೆ ಎಳೆದೊಯ್ಯುತ್ತದೆ.

ಇಲ್ಲಿ ಪ್ರವಾಹಕ್ಕೆ ಕಾರಣವನ್ನೇ ಹೇಳಿಲ್ಲ. ಪಾಪವಿಲ್ಲ, ಶಾಪವಿಲ್ಲ, ಸಿಟ್ಟಾದ ದೇವರಿಲ್ಲ. ನೀರು ಬರುತ್ತದೆ, ಅಷ್ಟೇ. ಮನು ಉಳಿದದ್ದು ಒಂದು ಚಿಕ್ಕ ಮೀನನ್ನು ದೊಡ್ಡ ಮೀನುಗಳ ಬಾಯಿಂದ ಕಾಪಾಡಿದ್ದಕ್ಕೆ.

ನನ್ನ ಪ್ರಶ್ನೆ: ಇದು ನಮ್ಮಿಂದ ಅಲ್ಲಿಗೆ ಹೋಗಿರಬಾರದೇಕೆ? ಅಥರ್ವವೇದದ ಹಾವಿನ ವಿಷದ ಮಂತ್ರದಲ್ಲಿ ‘ತೈಮಾತ’ ಎಂಬ ಪದವಿದೆ. ಅದು ಬ್ಯಾಬಿಲೋನಿನ ಸಮುದ್ರದೇವತೆ ತಿಯಾಮತ್ ಇರಬೇಕೆಂದು ಲೋಕಮಾನ್ಯ ಟಿಳಕರೇ 1917ರಲ್ಲಿ ಬರೆದಿದ್ದಾರೆ.

ಬೆಣೆಲಿಪಿ

ಬ್ರಾಹ್ಮಣಪಾಠ ಅವರೇ, ಟಿಳಕರ ಲೇಖನ ಓದಿದ್ದೇನೆ. ಅವರು ಅದರಲ್ಲಿ ಹೇಳಿದ್ದು ಆ ಪದಗಳು ಅಲ್ಲಿಂದ ಇಲ್ಲಿಗೆ ಬಂದಿರಬೇಕೆಂದು. ನೀವು ಕೇಳುತ್ತಿರುವ ದಿಕ್ಕಿಗೆ ಅದು ಆಸರೆಯಾಗುವುದಿಲ್ಲ. ಒಂದೆರಡು ಪದಗಳ ಸದ್ದು ಕೂಡಿಬಂದರೆ ನಂಟು ಸಾಬೀತಾಗುವುದೂ ಇಲ್ಲ. ಕಾಲವನ್ನು ನೋಡಿ. ಪ್ರಳಯದ ಕಥೆಯಿರುವ ಇನ್ನೊಂದು ಬ್ಯಾಬಿಲೋನಿಯನ್ ಕಾವ್ಯ ಅತ್ರಹಾಸಿಸ್ ಅನ್ನು ಇಪಿಕ್-ಆಯಾ ಎಂಬ ಲಿಪಿಕಾರ ಬ್ಯಾಬಿಲೋನಿನ ರಾಜ ಅಮ್ಮಿಸದುಕನ ಕಾಲದಲ್ಲಿ, ಕ್ರಿ.ಪೂ. ಹದಿನೇಳನೆಯ ಶತಮಾನದಲ್ಲಿ, ಪ್ರತಿ ಮಾಡಿದ್ದಾನೆ. ಮಣ್ಣಿನ ಮೇಲೆ ಅವನ ಹೆಸರೂ ಇದೆ. ಶತಪಥ ಅದಕ್ಕಿಂತ ಬಹಳ ಈಚಿನದು, ಋಗ್ವೇದದಲ್ಲಿ ಪ್ರಳಯದ ಕಥೆ ಇಲ್ಲ.

ನೀವು ಕಾರಣದ ಬಗ್ಗೆ ಹೇಳಿದ್ದು ಮಾತ್ರ ಈ ಚರ್ಚೆಯಲ್ಲಿ ಬಂದ ಅತಿ ಮುಖ್ಯ ಮಾತು. ಅದಕ್ಕೆ ಅತ್ರಹಾಸಿಸನ ಕಾರಣವನ್ನು ಸೇರಿಸುತ್ತೇನೆ. ಮೊದಲು ಕಿರಿಯ ದೇವತೆಗಳೇ ಕಾಲುವೆ ತೋಡುತ್ತಿದ್ದರು. ದುಡಿದು ಸಾಕಾಗಿ ಗುದ್ದಲಿ ಬುಟ್ಟಿ ಸುಟ್ಟು ಮುಷ್ಕರ ಹೂಡಿದರು. ಅವರ ಬದಲಿಗೆ ದುಡಿಯಲೆಂದು ಜೇಡಿಮಣ್ಣಿಗೆ ಒಬ್ಬ ದೇವತೆಯ ರಕ್ತ ಕಲಸಿ ಮನುಷ್ಯನನ್ನು ಮಾಡಿದರು. ಮನುಷ್ಯರು ಹೆಚ್ಚಿದರು, ನಾಡು ಗೂಳಿಯಂತೆ ಗುಟುರು ಹಾಕತೊಡಗಿತು, ದೇವತೆಗಳ ಒಡೆಯ ಎನ್ಲಿಲನಿಗೆ ನಿದ್ದೆ ಬರಲಿಲ್ಲ. ಪ್ರಳಯಕ್ಕೆ ಕಾರಣ ಸದ್ದು! ಆದಿಕಾಂಡದಲ್ಲಿ ಅದು ಕೆಡುಕು ಮತ್ತು ಹಿಂಸೆ ಆಯಿತು. ಶತಪಥದಲ್ಲಿ ಕಾರಣವೇ ಇಲ್ಲ. ಒಂದೇ ನೀರಿನ ಎದುರು ನಿಂತು ಮೂರು ಜನಾಂಗಗಳು ಮೂರು ಬೇರೆ ಉತ್ತರ ಕೊಟ್ಟಿವೆ. ನನಗೆ ಹೋಲಿಕೆಗಿಂತ ಈ ಬೇರೆತನವೇ ಹೆಚ್ಚು ಕಾಡುತ್ತದೆ. ಅತ್ರಹಾಸಿಸನಲ್ಲಿ ತಾಯಿದೇವತೆ, ತಾನು ಹೆತ್ತ ಜನ ಏರೋಪ್ಲೇನ್ ಚಿಟ್ಟೆಗಳ ಹಾಗೆ ಸತ್ತು ಹೊಳೆ ತುಂಬಿರುವುದನ್ನು ಕಂಡು ಗೋಳಾಡುತ್ತಾಳೆ. ಅಂಥ ಅಳು ಉಳಿದ ಎರಡು ಪಾಠಗಳಲ್ಲಿ ಇಲ್ಲ.

ಇನ್ನು ನಿಜವಾದ ನಂಟು ಬೇಕೆಂದರೆ ವ್ಯಾಪಾರದಲ್ಲಿದೆ. ಬ್ಯಾಬಿಲೋನ್ ನಾಡಿನವರು ಮೆಲುಹ್ಹ ಎಂದು ಕರೆದದ್ದು ಸಿಂಧೂ ಕಣಿವೆಯ ನಾಡನ್ನೇ ಎಂದು ಬಹುಪಾಲು ವಿದ್ವಾಂಸರು ಒಪ್ಪುತ್ತಾರೆ. ಮೆಲುಹ್ಹ ಭಾಷೆಯ ದುಭಾಷಿ ಶು-ಇಲಿಶು ಎಂಬುವನ ಮುದ್ರೆ ಪ್ಯಾರಿಸ್ಸಿನ ಲೂವ್ರ್ ಸಂಗ್ರಹದಲ್ಲಿದೆ. ಕಥೆಗಳಿಗೆ ಇಂಥ ದುಭಾಷಿಗಳಿಗಿಂತ ಒಳ್ಳೆಯ ವಾಹನ ಯಾವುದು?

ಬುದ್ಧನ ಹಿಂದಿನ ಜನ್ಮಗಳ ಕಥೆಗಳಾದ ಪಾಲಿ ಜಾತಕಗಳಲ್ಲಿ ಬಾವೇರು ಜಾತಕ ಒಂದಿದೆ. ಬಾವೇರು ಅಂದರೆ ಬ್ಯಾಬಿಲೋನ್. ಭಾರತದ ವ್ಯಾಪಾರಿಗಳು ಹಡಗಿನಲ್ಲಿ ಒಂದು ಕಾಗೆ ಒಯ್ಯುತ್ತಾರೆ; ಹಕ್ಕಿಯನ್ನೇ ಕಾಣದ ಆ ಊರಿನವರು ನೂರು ಕಹಾಪಣ ನಾಣ್ಯ ಕೊಟ್ಟು ಕೊಳ್ಳುತ್ತಾರೆ. ಮುಂದಿನ ಸಲ ನವಿಲು ಬಂದಾಗ ಸಾವಿರ ಕೊಟ್ಟು, ಕಾಗೆಯನ್ನು ಮರೆಯುತ್ತಾರೆ. ಆ ಕಾಗೆ ಹಡಗಿನಲ್ಲಿ ಇದ್ದದ್ದು ದಿಕ್ಕು ತೋರಿಸಲು. ದಡ ಕಾಣದಾಗ ಹಕ್ಕಿ ಬಿಡುವುದು, ಅದು ಮರಳಿದರೆ ನೆಲ ದೂರವೆಂದು ತಿಳಿಯುವುದು, ಇದು ನಾವಿಕರ ನಿಜವಾದ ಅಭ್ಯಾಸ. ಬೌದ್ಧರ ದೀಘನಿಕಾಯ ಗ್ರಂಥದಲ್ಲೂ ಇದರ ಮಾತು ಬರುತ್ತದೆ. ಉತ್ನಪಿಶ್ಟಿಮ್ ಬಿಟ್ಟ ಕಾಗೆಯೂ ನೋಹ ಬಿಟ್ಟ ಕಾಗೆಯೂ ಅದೇ ಕಸುಬಿನವು.

ಹಿತ್ತಲ ಗಿಡ

ನಡುವೆ ಬಾಯಿ ಹಾಕುತ್ತಿದ್ದೇನೆ, ಕ್ಷಮಿಸಿ. ನಮ್ಮ ಜಾತಕದ ರಾಶಿಗಳು ಬ್ಯಾಬಿಲೋನಿನವು ಎಂದು ಎಲ್ಲೋ ಕೇಳಿದ್ದೆ. ಇದು ನಿಜವೇ?

ಓಲೆಗರಿ

ಹನ್ನೆರಡು ಸಮಭಾಗದ ರಾಶಿಚಕ್ರ ಕ್ರಿ.ಪೂ. ಐದನೆಯ ಶತಮಾನದ ಹೊತ್ತಿಗೆ ಬ್ಯಾಬಿಲೋನಿನಲ್ಲಿ ರೂಪುಗೊಂಡಿತು. ಅಲ್ಲಿಂದ ಗ್ರೀಕರಿಗೆ, ಗ್ರೀಕರಿಂದ ನಮಗೆ. ವರಾಹಮಿಹಿರನ ಬೃಹಜ್ಜಾತಕದಲ್ಲಿ ಮೇಷಕ್ಕೆ ‘ಕ್ರಿಯ’, ವೃಷಭಕ್ಕೆ ‘ತಾವುರಿ’ ಎಂಬ ಗ್ರೀಕ್ ಹೆಸರುಗಳು ಹಾಗೆಯೇ ಕೂತಿವೆ. ನಮ್ಮ ನಕ್ಷತ್ರಗಳ ಎಣಿಕೆ ಬೇರೆ, ಅದು ವೇದಕಾಲದಿಂದ ಬಂದದ್ದು. ಎರಡೂ ಇಂದು ಒಂದೇ ಪಂಚಾಂಗದೊಳಗೆ ಹೊಂದಿಕೊಂಡಿವೆ.

ಮಕರವನ್ನು ನೋಡಿ. ಬ್ಯಾಬಿಲೋನಿನಲ್ಲಿ ಅದು ಮೇಕೆಯ ಮುಂಭಾಗ, ಮೀನಿನ ಬಾಲ ಇರುವ ಪ್ರಾಣಿ. ಗೋಡೆಯೊಡನೆ ಮಾತನಾಡಿದನಲ್ಲ, ಅದೇ ಏಆ ದೇವತೆಯ ಪ್ರಾಣಿ. ವರಾಹಮಿಹಿರ ರಾಶಿಗಳ ರೂಪ ಹೇಳುವಾಗ ‘ಮಕರೋ ಮೃಗಾಸ್ಯಃ’ ಅನ್ನುತ್ತಾನೆ, ಜಿಂಕೆಯ ಮುಖದ ಮಕರ. ಮೊಸಳೆಗೆ ಜಿಂಕೆಯ ಮುಖ ಏಕೆ ಎಂದು ಚಿಕ್ಕಂದಿನಲ್ಲಿ ಅಜ್ಜನನ್ನು ಕೇಳಿದ್ದೆ, ಉತ್ತರ ಸಿಕ್ಕಿರಲಿಲ್ಲ. ಪಕ್ಕದ ಕುಂಭ ರಾಶಿಯೂ ಅಲ್ಲಿ ನೀರು ಸುರಿಯುವ ಏಆನೇ.

ಎಳ್ಳಿನ ವಿಷಯವೂ ಒಂದಿದೆ. ಅಕ್ಕಾಡಿಯನ್ನಿನಲ್ಲಿ ಎಳ್ಳೆಣ್ಣೆಗೆ ‘ಎಲ್ಲು’ ಎಂಬ ಪದವಿದೆ. ಎಳ್ಳು ಮೊದಲು ಬೆಳೆದದ್ದು ನಮ್ಮ ಉಪಖಂಡದಲ್ಲಿ. ಹಾಗಾಗಿ ಪದವೂ ದ್ರಾವಿಡ ನುಡಿಯಿಂದ ಎಣ್ಣೆಯ ಜೊತೆ ಹೋಗಿರಬಹುದೆಂದು ಕೆಲವು ವಿದ್ವಾಂಸರ ಊಹೆ. ಊಹೆ ಎಂದೇ ಇಟ್ಟುಕೊಳ್ಳೋಣ. ಆದರೂ ಮಕರ ಸಂಕ್ರಾಂತಿಯ ದಿನ ಎಳ್ಳು ಬೀರಲು ಮಕ್ಕಳು ಬಂದಾಗ ಈ ವರ್ಷ ನನಗೆ ಆ ಎರಡೂ ನೆನಪಾದವು.

ಮನಾಮದಿಂದ

ಬಹ್ರೇನಿನಲ್ಲಿ ಹದಿನಾಲ್ಕು ವರ್ಷದಿಂದ ಇದ್ದೇನೆ, ಊರು ಉಡುಪಿ ಕಡೆ. ಬ್ಯಾಬಿಲೋನ್ ನಾಡಿನವರು ದಿಲ್ಮುನ್ ಎಂದು ಕರೆದದ್ದು ನಾನು ವಾಸಿಸುವ ಈ ದ್ವೀಪವನ್ನೇ. ಆ ನಾಡಿನವರ ಇನ್ನೂ ಹಳೆಯ ಭಾಷೆಯಾದ ಸುಮೇರಿಯನ್ನಿನ ಪಾಠದಲ್ಲಿ ಪ್ರಳಯದಿಂದ ಉಳಿದ ಜಿಯುಸುದ್ರನಿಗೆ ಸಾವಿಲ್ಲದ ಬದುಕು ಕೊಟ್ಟು ದೇವತೆಗಳು ಇರಿಸಿದ್ದು ದಿಲ್ಮುನ್‌ನಲ್ಲಿ. ರಜೆಯ ದಿನ ಬಹ್ರೇನ್ ಕೋಟೆಗೆ ಹೋಗುತ್ತೇನೆ. ಅಲ್ಲಿ ಉತ್ಖನನ ಮಾಡಿದ ಡೆನ್ಮಾರ್ಕಿನವರಿಗೆ ನೆಲದಡಿಯಲ್ಲಿ ಮಣ್ಣಿನ ಬಟ್ಟಲುಗಳಲ್ಲಿ ಇಟ್ಟ ಹಾವಿನ ಎಲುಬುಗಳು ಸಿಕ್ಕವು. ಗಿಲ್ಗಮೇಶ್ ಕಾಲಿಗೆ ಕಲ್ಲು ಕಟ್ಟಿಕೊಂಡು ನೀರಿನಾಳಕ್ಕಿಳಿದು ಯೌವನ ಮರಳಿಸುವ ಗಿಡ ತರುತ್ತಾನೆ, ಕೊಳದಲ್ಲಿ ಮೀಯುವಾಗ ಹಾವು ಅದನ್ನು ಕದ್ದು, ಪೊರೆ ಕಳಚಿ ಹೋಗುತ್ತದೆ. ಇಲ್ಲಿಯ ಮುತ್ತು ತೆಗೆಯುವವರೂ ಕಾಲಿಗೆ ಕಲ್ಲು ಕಟ್ಟಿಕೊಂಡೇ ಇಳಿಯುತ್ತಿದ್ದರು. ನಾಗನಿಗೆ ತನು ಎರೆಯುವ ಊರಿನಿಂದ ಬಂದ ನನಗೆ ಆ ಬಟ್ಟಲುಗಳ ಮುಂದೆ ನಿಂತಾಗ ಕೈ ತಾನಾಗಿ ಜೋಡಿಸಿಕೊಂಡಿತು.

ಕಡಲೂರ ಓದುಗಿ

ಗಿಲ್ಗಮೇಶ್ ಸಾವು ಗೆದ್ದ ಉತ್ನಪಿಶ್ಟಿಮ್‌ನನ್ನು ಹುಡುಕಿಕೊಂಡು ಹೋದದ್ದೇ ಗೆಳೆಯ ಎಂಕಿದು ಸತ್ತ ದುಃಖಕ್ಕೆ. ಮೂಗಿನಿಂದ ಹುಳು ಬೀಳುವವರೆಗೂ ಹೆಣವನ್ನು ಮಣ್ಣಿಗೆ ಕೊಡದೆ ಕೂತಿದ್ದ. ಹಳೆಯ ಬ್ಯಾಬಿಲೋನಿಯನ್ ಪಾಠದಲ್ಲಿ, ಮದ್ಯ ಮಾರುವ ಹೆಂಗಸು ಅವನಿಗೆ ಹೇಳುತ್ತಾಳೆ: ಹೊಟ್ಟೆ ತುಂಬ ಉಣ್ಣು, ಒಗೆದ ಬಟ್ಟೆ ಉಡು, ತಲೆಗೆ ಮಿಂದುಕೋ, ನಿನ್ನ ಕೈ ಹಿಡಿದ ಮಗುವನ್ನು ನೋಡು, ಮಡದಿಯನ್ನು ಸುಖವಾಗಿಡು. ನಮ್ಮ ಬೈಬಲಿನ ಪ್ರಸಂಗಿ ಪುಸ್ತಕದ ಒಂಬತ್ತನೆಯ ಅಧ್ಯಾಯದಲ್ಲಿ ಇದೇ ಮಾತು ಹೆಚ್ಚು ಕಡಿಮೆ ಇದೇ ಸಾಲಿನಲ್ಲಿ ಬರುತ್ತದೆ: ರೊಟ್ಟಿ ತಿನ್ನು, ಬಿಳಿ ಬಟ್ಟೆ ಉಡು, ತಲೆಗೆ ಎಣ್ಣೆ ಇರಲಿ, ಮೆಚ್ಚಿದ ಹೆಂಡತಿಯೊಡನೆ ಬದುಕು. ಮಗು ಮಾತ್ರ ಅಲ್ಲಿ ಬಿಟ್ಟುಹೋಗಿದೆ. ಅಮ್ಮ ತೀರಿಕೊಂಡ ವರ್ಷ ನಾನು ಆ ಅಧ್ಯಾಯವನ್ನು ಪದೇ ಪದೇ ಓದುತ್ತಿದ್ದೆ. ಮಗುವಿನ ಕೈಯ ಸಾಲು ಆಗಲೇ ಸಿಕ್ಕಿದ್ದರೆ ಅನ್ನಿಸುತ್ತದೆ.

ತುಂಗಭದ್ರೆಯ ದಡ

ನಿನ್ನೆ ಸಂಜೆ ನಮ್ಮೂರಿನ ಹರಿಗೋಲು ಹೆಣೆಯುವ ಹಿರಿಯರೊಬ್ಬರಿಗೆ ಈ ಕಥೆಯನ್ನೆಲ್ಲ ಹೇಳಿದೆ. 70 ಮೀಟರ್ ಎಂದಾಗ ಹೊಳೆಯ ಆ ದಡವನ್ನೊಮ್ಮೆ ನೋಡಿದರು. ಆಮೇಲೆ ಕೇಳಿದ್ದು ಎರಡೇ ಪ್ರಶ್ನೆ. ಅಷ್ಟು ದೊಡ್ಡದಕ್ಕೆ ಹುಟ್ಟು ಹಾಕಿದವರು ಎಷ್ಟು ಮಂದಿ? ಬಾಗಿಲಿಗೆ ಡಾಂಬರು ಹೊರಗಿನಿಂದ ಬಳಿದವರು ಯಾರು? ಒಳಗಿದ್ದವರು ಬಳಿಯಲು ಆಗುವುದಿಲ್ಲವಲ್ಲ ಎಂದರು.

ಓಲೆಗರಿ

ಮೊದಲನೆಯದಕ್ಕೆ ಉತ್ತರ ಸುಲಭ. ಹುಟ್ಟು ಬೇಕಾಗಿರಲಿಲ್ಲ, ಅದು ಎಲ್ಲಿಗೂ ಹೋಗಬೇಕಿರಲಿಲ್ಲ, ತೇಲಿದರೆ ಸಾಕಿತ್ತು.

ಎರಡನೆಯದನ್ನು ಕೇಳಿದ ಆ ಹಿರಿಯರಿಗೆ ನನ್ನ ನಮಸ್ಕಾರ ತಿಳಿಸಿ. ಇಷ್ಟು ಸಲ ಓದಿದ ನನಗೆ ಹೊಳೆಯದೇ ಹೋದದ್ದು ಅವರಿಗೆ ಒಂದೇ ಮಾತಿನಲ್ಲಿ ಹೊಳೆಯಿತು. ಗಿಲ್ಗಮೇಶ್ ಕಾವ್ಯದ ಹನ್ನೊಂದನೆಯ ಫಲಕದಲ್ಲಿ ಆ ಮನುಷ್ಯನ ಹೆಸರಿದೆ: ಅಂಬಿಗ ಪುಜುರ್-ಎನ್ಲಿಲ್. ದೋಣಿಯನ್ನು ಹೊರಗಿನಿಂದ ಮುಚ್ಚಿ ರಾಳ ಬಳಿದವನು ಅವನು. ಆ ಕೆಲಸದ ಕೂಲಿಯಾಗಿ ಉತ್ನಪಿಶ್ಟಿಮ್ ಅವನಿಗೆ ತನ್ನ ಅರಮನೆಯನ್ನೂ ಅದರೊಳಗಿನ ಸಕಲ ಸಂಪತ್ತನ್ನೂ ಕೊಟ್ಟ. ಮರುದಿನ ಬೆಳಕು ಹರಿಯುವ ಹೊತ್ತಿಗೆ ದಿಗಂತದಲ್ಲಿ ಕಪ್ಪು ಮೋಡ ಎದ್ದಿತು.